ಬರೆಯೋರೂ ಅವರೇ, ಕಲಿಸೋರೂ ಅವರೇ, ಬಣ್ಣ ಹಚ್ಚೋರೂ ಅವರೇ: ದಾವಣಗೆರೆ ಸೀಮೆಯ ಒಬ್ಬ ನಾಟಕದ ಮೇಷ್ಟ್ರ ಕೆಲಸ ಹೇಗಿದೆ?

ದೀಪಾವಳಿ ಕಳೆದು ಮೆಕ್ಕೆಜೋಳದ ತೆನೆ ಕಣಕ್ಕೆ ಬಿತ್ತು ಅಂದರೆ ಈ ಸೀಮೆಯ ಊರುಗಳ ಕಟ್ಟೆಯ ಮೇಲೆ ಒಂದೇ ಮಾತು. ಈ ಸಲ ಜಾತ್ರೆಗೆ ಯಾವ ನಾಟಕ, ಮೇಷ್ಟ್ರು ಯಾರು? ಸೀನ್ಸು (ಬಾಡಿಗೆಯ ಬಣ್ಣದ ಪರದೆಗಳು), ಮೈಕು, ಲೈಟಿಂಗು ಎಲ್ಲ ಆಮೇಲೆ. ಅವನ್ನು ದಾವಣಗೆರೆಗೆ ಒಂದು ದಿನ ಹೋಗಿ ಗೊತ್ತು ಮಾಡಿ, ಮಂಡಕ್ಕಿ ಮಿರ್ಚಿ ತಿಂದು ಸಂಜೆಗೆ ಊರು ಸೇರಬಹುದು. ಮೇಷ್ಟ್ರ ಆಯ್ಕೆ ಕೆಟ್ಟರೆ ಮಾತ್ರ ಒಂದೂವರೆ ತಿಂಗಳ ನಿದ್ದೆ, ಊರವರ ಪಟ್ಟಿ ಹಣ, ಹುಡುಗರ ಹುರುಪು ಮೂರೂ ನೀರುಪಾಲು.

ಇಲ್ಲಿ ತೂಗಿ ನೋಡುತ್ತಿರುವುದು ನಾಟಕ ತಾವೇ ಬರೆದು, ತಾವೇ ಕಲಿಸಿ, ಕರೆದರೆ ತಾವೇ ವೇಷ ಕಟ್ಟುವ ಒಬ್ಬ ಮೇಷ್ಟ್ರ ಕೆಲಸವನ್ನು. ಹೆಸರು ಹಾಕಿಲ್ಲ, ಬೇಕಾಗಿಯೂ ಇಲ್ಲ. ಹರಿಹರ, ಜಗಳೂರು, ಹೊಳಲ್ಕೆರೆ, ಹೊಸದುರ್ಗದ ಕಡೆ ಇಂಥವರು ಇನ್ನೂ ಇದ್ದಾರೆ. ಇವರನ್ನು ಅಳೆದ ಕೋಲಿನಲ್ಲೇ ಅವರನ್ನೂ ಅಳೆಯಬಹುದು.

ಅಂಕ ಮೊದಲೇ ಕೊಟ್ಟುಬಿಡೋಣ. ಬರವಣಿಗೆಗೆ ಹತ್ತಕ್ಕೆ ಏಳು. ಕಲಿಸುವುದಕ್ಕೆ ಒಂಬತ್ತೂವರೆ. ನಟನೆಗೆ ಎಂಟು. ಆದರೂ ನಿಮ್ಮೂರ ನಾಟಕದಲ್ಲಿ ಇವರಿಗೆ ವೇಷ ಕೊಡಬೇಡಿ. ಯಾಕೆ ಅನ್ನೋದು ಮುಂದೆ ಬರುತ್ತದೆ.

ಬಂದ ದಾರಿ

ಮೇಷ್ಟ್ರನ್ನು ಗೊತ್ತು ಮಾಡಲು ಹೋದವರು ಕೇಳುವ ಮೊದಲ ಪ್ರಶ್ನೆ, "ಈವರೆಗೆ ಎಷ್ಟು ನಾಟಕ ಮಾಡ್ಸೀರಿ?" ನೂರು, ಇನ್ನೂರು ಅಂತ ಉತ್ತರ ಬರುತ್ತದೆ. ಅದನ್ನು ಎಣಿಸಿದವರು ಯಾರೂ ಇಲ್ಲ. ಕೇಳಬೇಕಾದ್ದು, "ನಾಟಕ ಕಂಪನಿಗೆ ಮೊದಲು ಯಾವ ಕೆಲಸಕ್ಕೆ ಸೇರಿದ್ರಿ, ಆಮೇಲೆ ಯಾವುದು?" ಅಂತ. ಬರೆಯುವ, ಆಡಿಸುವ, ಆಡುವ ಮೂರೂ ಕೆಲಸ ಒಬ್ಬರೇ ಮಾಡುತ್ತಾರೆ ಅಂದಾಗ ಅವರು ಯಾವುದರಿಂದ ಯಾವುದಕ್ಕೆ ಬಂದರು ಅನ್ನುವುದರಲ್ಲೇ ಅವರ ಹೆಚ್ಚುಗಾರಿಕೆ, ಕೊರತೆ ಎರಡೂ ಕೂತಿರುತ್ತವೆ.

ಇವರು ಕ್ಯಾಂಪ್ ಹಾಕುತ್ತ ತಿರುಗುವ ಕಂಪನಿಯಲ್ಲಿ ಪರದೆ ಎಳೆಯುವ ಹುಡುಗನಾಗಿ ಸೇರಿದವರು. ಅಲ್ಲಿಂದ ಪ್ರಾಂಪ್ಟರು, ಅಂದರೆ ಮರೆಯಲ್ಲಿ ನಿಂತು ನಟರಿಗೆ ಮಾತು ನೆನಪಿಸುವವರು. ಆಮೇಲೆ ಆಳು, ಪೊಲೀಸು, ಟಪಾಲಿನವನು ಅಂತ ಎರಡು ಮಾತಿನ ಪಾತ್ರಗಳು. ಆಮೇಲೆ ಹಾಸ್ಯ. ಕೈಗೆ ಪೆನ್ನು ಬಂದದ್ದು ಎಲ್ಲಕ್ಕಿಂತ ಕೊನೆಗೆ. ಪರದೆ ಎಳೆದವನಿಗೆ ದೃಶ್ಯ ಎಲ್ಲಿ ಸಾಕು ಅನ್ನೋದು ಕೈಗೇ ಗೊತ್ತಿರುತ್ತದೆ. ಪ್ರಾಂಪ್ಟ್ ಮಾಡಿದವನಿಗೆ ಎಲ್ಲ ಪಾತ್ರದ ಮಾತೂ ಬಾಯಿಗೆ ಬರುತ್ತದೆ, ಅದಕ್ಕಿಂತ ಮುಖ್ಯವಾಗಿ ಯಾವ ಮಾತಿನ ಹತ್ತಿರ ನಾಲಿಗೆ ಎಡವುತ್ತದೆ ಅನ್ನೋದು ತಿಳಿದಿರುತ್ತದೆ. ಹಾಸ್ಯ ಮಾಡಿದವನಿಗೆ ಜನ ಯಾವಾಗ ಬೀಡಿ ಹಚ್ಚಲು ಏಳುತ್ತಾರೆ ಅನ್ನೋದು ಗೊತ್ತು. ಇದೇ ದಾರಿ ತಿರುವುಮುರುವಾಗಿದ್ದರೆ ಲೆಕ್ಕ ಬೇರೆ. ಹೀರೋ ಪಾತ್ರದಿಂದಲೇ ಶುರು ಮಾಡಿದ ಮೇಷ್ಟ್ರು ಬರೆದ ನಾಟಕದಲ್ಲಿ ಹೀರೋ ಒಬ್ಬನೇ ಎರಡು ಪುಟ ಮಾತಾಡುತ್ತಾನೆ, ಉಳಿದವರು ಕೈಕಟ್ಟಿ ನಿಂತಿರುತ್ತಾರೆ. ಹಾರ್ಮೋನಿಯಂನಿಂದ ಬಂದವರದ್ದಾದರೆ ತಾಯಿ ಸಾಯುವ ದೃಶ್ಯದಲ್ಲೂ ಮೂರು ಹಾಡು.

ಮೂರೂ ಕೆಲಸ ಒಬ್ಬರ ಮೈಮೇಲೆ ಬೀಳುವುದು ವೃತ್ತಿ ರಂಗಭೂಮಿಗೆ ಹೊಸದೇನಲ್ಲ. ಗುಬ್ಬಿ ವೀರಣ್ಣನವರು ದೊಡ್ಡ ಕಂಪನಿಯ ಯಜಮಾನರಾದ ಮೇಲೂ ಹಾಸ್ಯಪಾತ್ರ ಬಿಡಲಿಲ್ಲ. ಮಾಸ್ಟರ್ ಹಿರಣ್ಣಯ್ಯನವರು 'ಲಂಚಾವತಾರ'ವನ್ನು ಬರೆದು, ಆಡಿಸಿ, ಮುಖ್ಯ ಪಾತ್ರದಲ್ಲಿ ನಿಂತು ಆವತ್ತಿನ ಪೇಪರಿನ ಸುದ್ದಿಯನ್ನು ಆವತ್ತೇ ಮಾತಿಗೆ ಸೇರಿಸುತ್ತಿದ್ದರು. ಪಿ.ಬಿ. ಧುತ್ತರಗಿಯವರು ಕಂಪನಿಯ ನಟರೂ ಹೌದು, ನಾಟಕಕಾರರೂ ಹೌದು. ಅವರ 'ಸಂಪತ್ತಿಗೆ ಸವಾಲ್' 1974ರಲ್ಲಿ ಸಿನಿಮಾ ಆಯಿತು. ದಾವಣಗೆರೆಯವರೇ ಆದ ಚಿಂದೋಡಿ ಲೀಲಾ ಅವರು ನಟನೆಯ ಜೊತೆಗೆ ಕೆ.ಬಿ.ಆರ್. ಡ್ರಾಮಾ ಕಂಪನಿಯ ಭಾರವನ್ನೂ ಹೊತ್ತವರು, 1988ರಲ್ಲಿ ಪದ್ಮಶ್ರೀ ಪಡೆದವರು. ವೃತ್ತಿ ರಂಗಭೂಮಿಗೆಂದೇ ಒಂದು ರಂಗಾಯಣ (ಸರ್ಕಾರದ ರಂಗಸಂಸ್ಥೆ) ಈ ಊರಿಗೆ ಬಂದದ್ದೂ ಸುಮ್ಮನೆ ಅಲ್ಲ. ಜಾತ್ರೆಯ ಮೇಷ್ಟ್ರು ಇವರೆಲ್ಲರ ಸಾಲಿನವರು ಅಂತ ಹೇಳಿದರೆ ಜಾಸ್ತಿಯಾದೀತು, ಆದರೆ ಹಿಡಿದ ದಾರಿ ಅದೇ.

"ಸಾಣೇಹಳ್ಳಿಯಲ್ಲಿ ಕಲಿತ ಹುಡುಗರನ್ನೇ ಕರೆಸಿದರೆ ಆಗೋದಿಲ್ವ?" ಅಂತ ಕೇಳುವವರಿದ್ದಾರೆ. ಹೊಸದುರ್ಗ ತಾಲ್ಲೂಕಿನ ಸಾಣೇಹಳ್ಳಿಯಿಂದ 1997ರಿಂದಲೂ ಶಿವಸಂಚಾರ ಅನ್ನುವ ನಾಟಕ ತಂಡ ಹೊರಡುತ್ತಿದೆ, 2008ರಿಂದ ಅಲ್ಲಿ ರಂಗಪ್ರಯೋಗಶಾಲೆಯೂ ಇದೆ. ಅಲ್ಲಿ ತಯಾರಾದವರ ಶಿಸ್ತು, ದೇಹಭಾಷೆ, ಬೆಳಕಿನ ಬಳಕೆ ಬೇರೆಯದೇ ಮಟ್ಟದ್ದು. ಆದರೆ ಅದು ಎರಡು ತಾಸಿನ ನಾಟಕದ ಕಸುಬು. ಜಾತ್ರೆಯ ಸಾಮಾಜಿಕ ನಾಟಕ ವಾಡಿಕೆಯಲ್ಲಿ ರಾತ್ರಿ ಹತ್ತಕ್ಕೆ ಎದ್ದು ಬೆಳಗಿನ ಜಾವಕ್ಕೆ ಇಳಿಯುವಂಥದ್ದು, ನಡುವೆ ಮಾಲೆ ಹಾಕೋದು, ಆಯಾರ್ (ಜನ ಕೊಟ್ಟ ಕಾಣಿಕೆ) ಓದೋದು ಎಲ್ಲ ಇರುತ್ತದೆ. ಎರಡನ್ನೂ ಒಂದೇ ತಕ್ಕಡಿಗೆ ಹಾಕಬಾರದು.

ನೋಟ್‌ಬುಕ್ ಒಳಗೆ

ಇವರ ನಾಟಕ ಒಂದು 200 ಪುಟದ ಲಾಂಗ್ ನೋಟ್‌ಬುಕ್. ಬಲಪುಟದಲ್ಲಿ ಮಾತು, ನೀಲಿ ಶಾಯಿಯಲ್ಲಿ. ಯಾರು ಎಲ್ಲಿಂದ ಬರಬೇಕು, ಯಾವ ಕಡೆ ಹೋಗಬೇಕು ಅನ್ನೋದು ಕೆಂಪಿನಲ್ಲಿ. ಎಡಪುಟ ಬಹುತೇಕ ಖಾಲಿ, ಅಲ್ಲಿ ಪೆನ್ಸಿಲಿನಲ್ಲಿ ಒಂದೊಂದು ಅಂಕಿ. ಮೇಲ್ನೋಟಕ್ಕೆ ಏನೂ ಅಲ್ಲದ ಆ ಅಂಕಿಗಳೇ ಈ ಮೇಷ್ಟ್ರ ನಿಜವಾದ ವಿದ್ಯೆ.

ಒಂದು ಉದಾಹರಣೆ. ನಾಲ್ಕನೇ ದೃಶ್ಯ ಸಾಹುಕಾರನ ಮನೆ: ಹಿಂದೆ ಮನೆ ಸೀನು, ಸೋಫಾ, ಟೀಪಾಯಿ, ಗೋಡೆಗೆ ಫೋಟೊ. ಆರನೇ ದೃಶ್ಯ ಬಡವರ ಗುಡಿಸಲು: ಒಲೆ, ಹೊರಸು, ಮಡಕೆ. ಇವೆರಡರ ನಡುವೆ ಸಾಮಾನು ಎತ್ತಿ ಇಡಲು ಇಬ್ಬರು ಆಳಿಗೆ ಆರೇಳು ನಿಮಿಷ ಬೇಕು. ಸಾಹುಕಾರನ ಮನೆಯಲ್ಲಿ ರೇಷ್ಮೆ ಸೀರೆ ಉಟ್ಟಿದ್ದ ನಾಯಕಿ ಗುಡಿಸಲಿನಲ್ಲಿ ಹರಕು ಸೀರೆಯಲ್ಲಿ ಕಾಣಬೇಕು. ಸೀರೆ ಬದಲಿಸಿ, ಒಡವೆ ತೆಗೆದು, ತಲೆ ಕೆದರಿಕೊಳ್ಳಲು ಅವರಿಗೂ ಅಷ್ಟೇ ಹೊತ್ತು. ಹಾಗಾಗಿ ಐದನೇ ದೃಶ್ಯವನ್ನು ಮುಂದಿನ ರಸ್ತೆ ಪರದೆಯ ಮೇಲೆ ಇಡುತ್ತಾರೆ: ಹಾಸ್ಯದವನು, ಅವನ ಹೆಂಡತಿ, ಒಬ್ಬ ಕಂಪೌಂಡರ್. ಎಡಪುಟದಲ್ಲಿ '8' ಅಂತ ಬರೆದಿರುತ್ತದೆ, ಅಂದರೆ ಈ ದೃಶ್ಯ ಎಂಟು ನಿಮಿಷಕ್ಕೆ ಕಡಿಮೆ ಆಗಕೂಡದು. ಮನೆಯಲ್ಲಿ ಕೂತು ಓದಿದರೆ ಒಂದು ಪುಟ ಒಂದು ನಿಮಿಷ. ಊರಿನ ಹುಡುಗ ಮೈಕಿನ ಹತ್ತಿರ ನಡೆದು ಬಂದು, ಜನ ನಗುವುದನ್ನು ಕಾದು ಹೇಳಿದರೆ ಅದೇ ಪುಟ ಎರಡು ನಿಮಿಷ. ಲೆಕ್ಕ ಹಾಕಿ ನಾಲ್ಕು ಪುಟ ಬರೆದಿರುತ್ತಾರೆ. ಆ ನಾಲ್ಕು ಪುಟದಲ್ಲಿ ಒಂದು ಕಡೆ ಚುಕ್ಕಿ ಹಾಕಿದ ಗೆರೆ, ಅದು ಎಳೆಯುವ ಜಾಗ. ಒಳಗೆ ಸೀರೆ ಇನ್ನೂ ಆಗಿಲ್ಲ ಅಂದರೆ ರಂಗದ ಪಕ್ಕದ ಮರೆಯಾದ ವಿಂಗ್‌ನಿಂದ ಬೆರಳು ತಿರುಗಿಸಿ ತೋರಿಸುತ್ತಾರೆ, ಹಾಸ್ಯದವನು ಅಲ್ಲಿಂದ ಇನ್ನೆರಡು ನಿಮಿಷ ಎಳೆಯುತ್ತಾನೆ.

ಅಚ್ಚಾದ ಪುಸ್ತಕ ಹಿಡಿದು ನಾಟಕ ಮಾಡಿಸುವ ಕಡೆ ಪರದೆ ಬಿದ್ದು ಹತ್ತು ನಿಮಿಷ ಕತ್ತಲು, "ಶಾಂತ ರೀತಿಯಿಂದ ಸಹಕರಿಸಬೇಕು" ಅಂತ ಮೈಕಿನಲ್ಲಿ ಕೂಗಾಟ ಯಾಕೆ ಆಗುತ್ತದೆ ಅಂದರೆ ಇದೇ ಕಾರಣಕ್ಕೆ. ಪುಸ್ತಕ ಬರೆದವರಿಗೆ ನಿಮ್ಮೂರ ರಂಗದ ಅಳತೆ, ಆಳುಗಳ ಸಂಖ್ಯೆ ಗೊತ್ತಿರುವುದಿಲ್ಲ. ಬರೆದವರೇ ನಿಂತು ಆಡಿಸಿದರೆ ಆ ಕತ್ತಲೆ ಇರುವುದಿಲ್ಲ.

ಹಾಗಾದರೆ ಏಳೇ ಅಂಕ ಯಾಕೆ? ಕತೆ. ದುಷ್ಟ ಸಾಹುಕಾರ, ಕುಡುಕ ಗಂಡ, ಓದಿಸಿದ ಅಣ್ಣನನ್ನು ಮರೆತ ತಮ್ಮ, ಕೊನೆಗೆ ಪೊಲೀಸ್ ವೇಷದಲ್ಲಿ ಬರುವ ಮೊದಲ ಅಂಕದ ಭಿಕ್ಷುಕ. ಯಾವ ಊರಿಗೆ ಬರೆದರೂ ಈ ಐದು ಜನ ತಪ್ಪಿದ್ದಲ್ಲ. ಮಾತು ಚುರುಕು, ಗಾದೆ ಜಾಗದಲ್ಲಿ ಬೀಳುತ್ತದೆ, ಹಾಸ್ಯದಲ್ಲಿ ಅಶ್ಲೀಲ ಕಡಿಮೆ. ಆದರೆ ರಾತ್ರಿ ಎರಡು ಗಂಟೆ ದಾಟಿದ ಮೇಲೆ ಬರುವ ತಾಯಿಯ ಅಳು ಒಂದು ತಾಸು ಜಗ್ಗುತ್ತದೆ. ಆ ಹೊತ್ತಿಗೆ ಮುಂದಿನ ಸಾಲಿನ ಮಕ್ಕಳೆಲ್ಲ ಚಾಪೆಯ ಮೇಲೆ ನಿದ್ದೆ ಹೋಗಿರುತ್ತವೆ. ಅಲ್ಲಿ ಕತ್ತರಿ ಹಾಕಿ ಅಂತ ಮೊದಲೇ ಹೇಳಬೇಕು. ಹೇಳಿದರೆ ಮುನಿಸಿಲ್ಲದೆ ಹಾಕುತ್ತಾರೆ, ಅದು ಕಂಪನಿ ಕಲಿಸಿದ ಗುಣ.

ಇನ್ನೊಂದು ಎಚ್ಚರಿಕೆ. 'ನಿಮ್ಮೂರಿಗೇ ಅಂತ ಬರೆದ ಹೊಸ ನಾಟಕ' ಎಲ್ಲ ಸಲವೂ ಹೊಸದಾಗಿರುವುದಿಲ್ಲ. ಹತ್ತಾರು ಮೈಲಿ ಆಚೆ ಆಡಿದ್ದಕ್ಕೆ ಹೆಸರು ಬದಲಿಸಿ, ಇನ್ನೊಂದು ಶೀರ್ಷಿಕೆ ಕಟ್ಟಿರುವುದುಂಟು. ಕಂಡುಹಿಡಿಯುವುದು ಸುಲಭ: ಮೂರನೇ ಅಂಕ ಓದಿ. ಮೊದಲ ಅಂಕದಲ್ಲಿ ಹೆಸರನ್ನು ಜಾಗ್ರತೆಯಿಂದ ತಿದ್ದಿರುತ್ತಾರೆ, ಕೊನೆಕೊನೆಗೆ ಕೈ ಸೋತಿರುತ್ತದೆ. ಎಂಟನೇ ಪುಟದಲ್ಲಿ ರುದ್ರಣ್ಣನಾಗಿದ್ದ ಸಾಹುಕಾರ ನೂರಾ ಮೂವತ್ತನೇ ಪುಟದಲ್ಲಿ ಇದ್ದಕ್ಕಿದ್ದಂತೆ ವೀರಭದ್ರಪ್ಪ ಆಗಿದ್ದರೆ ಅದು ಹಳೆಯದು. ಹಳೆಯದಾದರೆ ತಪ್ಪೇನಿಲ್ಲ, ನಾಲ್ಕು ಕಡೆ ಆಡಿ ತಿದ್ದಿಕೊಂಡದ್ದು ಇನ್ನೂ ಗಟ್ಟಿಯಾಗಿರುತ್ತದೆ. ಬರೆಯುವ ಕೂಲಿ ಮಾತ್ರ ಹೊಸದರ ಲೆಕ್ಕದಲ್ಲಿ ಕೊಡಬಾರದು.

ಪಾತ್ರ ಹಂಚುವ ಜಾಣತನ

ಊರ ನಾಟಕದಲ್ಲಿ ಪಾತ್ರಧಾರಿಗಳೇ ಖರ್ಚಿಗೆ ಕೈ ಹಾಕುವುದರಿಂದ ಹೆಚ್ಚು ಹಾಕಿದವನು ದೊಡ್ಡ ಪಾತ್ರ ಕೇಳುತ್ತಾನೆ. ದನಿ ಇರುವವನ ಹತ್ತಿರ ದುಡ್ಡಿಲ್ಲ, ದುಡ್ಡಿರುವವನಿಗೆ ದನಿ ಇಲ್ಲ. ಅರ್ಧ ನಾಟಕಗಳು ಕಟ್ಟೆಯ ಮೇಲೇ ಸಾಯುವುದು ಇಲ್ಲಿ. ಈ ಮೇಷ್ಟ್ರು ಹಣದ ಮಾತು ಎತ್ತುವ ಮೊದಲೇ ಎಲ್ಲರ ಕೈಲಿ ಒಂದೊಂದು ಪುಟ ಓದಿಸುತ್ತಾರೆ. ಗುಡಿಯ ಮುಂದೆ ಹತ್ತು ಮಾರು ದೂರ ನಿಂತು, ಮೈಕಿಲ್ಲದೆ. ಊರವರೇ ಕೇಳಿಸಿಕೊಂಡಿರುವುದರಿಂದ ಆಮೇಲೆ ತಕರಾರು ಕಡಿಮೆ. ಆದರೂ ಹಟ ಹಿಡಿದವರಿಗೆ ದೊಡ್ಡ ಪಾತ್ರ ಕೊಡುವುದಿಲ್ಲ, ದೊಡ್ಡ ಪ್ರವೇಶ ಕೊಡುತ್ತಾರೆ. ಹಿನ್ನೆಲೆ ಸಂಗೀತ, ಫೋಕಸ್ ಲೈಟು, ಗತ್ತಿನ ನಾಲ್ಕು ಮಾತು, ಒಳಕ್ಕೆ. ಕತೆಗೆ ಧಕ್ಕೆ ಇಲ್ಲ, ಮಾಲೆ ಹಾಕುವ ನೆಂಟರಿಗೆ ತೃಪ್ತಿ. ನೋಟ್‌ಬುಕ್ ತಮ್ಮದೇ ಆದದ್ದರಿಂದ ಇದು ಸಾಧ್ಯ. ಬೇರೆಯವರ ನಾಟಕದಲ್ಲಿ ಹೀಗೆ ಪಾತ್ರ ತುರುಕಿದರೆ ಎದ್ದು ಕಾಣುತ್ತದೆ.

ಪ್ರಾಕ್ಟೀಸು

ಒಂಬತ್ತೂವರೆ ಅಂಕ ಇದಕ್ಕೆ. ಆಡಿ ಗೊತ್ತಿರುವ ನಾಟಕಕ್ಕೆ 30 ರಾತ್ರಿ, ಹೊಸದಕ್ಕೆ 45. ರಾತ್ರಿ ಎಂಟೂವರೆಯಿಂದ ಹನ್ನೊಂದೂವರೆ, ಅದರ ಮೇಲೆ ಒಂದು ನಿಮಿಷ ಇಲ್ಲ. ಮೊದಲ ಎಂಟು ರಾತ್ರಿ ಕೂತು ಓದುವುದು ಮಾತ್ರ. ಹುಡುಗರಿಗೆ ಇದು ಬೇಸರ, ಎದ್ದು ನಿಂತು ಕೈ ಬೀಸಬೇಕು ಅಂತ ಆತುರ. ಬಿಡುವುದಿಲ್ಲ. ಅರ್ಥ ತಿಳಿಯದೆ ಎದ್ದು ನಿಂತವನು ಪ್ರತಿ ಮಾತಿಗೂ ಬಲಗೈ ಎತ್ತುತ್ತಾನೆ, ಆ ಚಟ ಒಮ್ಮೆ ಅಂಟಿದರೆ ನಾಟಕದ ರಾತ್ರಿವರೆಗೂ ಬಿಡುವುದಿಲ್ಲ.

ಮಾತು ಬಾಯಿಪಾಠ ಮಾಡಿಸುವ ಕ್ರಮ ನೋಡುವಂಥದ್ದು. ಊರ ಹುಡುಗರು ತಮ್ಮ ಮಾತನ್ನಷ್ಟೇ ಉರುಹೊಡೆಯುತ್ತಾರೆ. ಎದುರಿನವನು ಎಲ್ಲಿ ನಿಲ್ಲಿಸುತ್ತಾನೆ ಗೊತ್ತಿರುವುದಿಲ್ಲ. ಪರಿಣಾಮ, ಇಬ್ಬರೂ ಒಟ್ಟಿಗೆ ಶುರು ಮಾಡುತ್ತಾರೆ, ಇಲ್ಲವೇ ಇಬ್ಬರೂ ಒಬ್ಬರ ಮುಖ ಒಬ್ಬರು ನೋಡುತ್ತ ನಿಲ್ಲುತ್ತಾರೆ. ಇವರು ಕೊಡುವ ಹಾಳೆಯಲ್ಲಿ ಪ್ರತಿ ಮಾತಿನ ಮೇಲೂ ಎದುರಿನವನ ಕೊನೆಯ ಮೂರು ಪದ ಕೆಂಪಿನಲ್ಲಿರುತ್ತದೆ. ಮೊದಲ ವಾರ ಆ ಮೂರು ಪದವನ್ನೇ ಕೇಳುತ್ತಾರೆ: "...ಅಪ್ಪನ ಸಮಾಧಿ ಮ್ಯಾಲೆ. ಈಗ ಯಾರ ಮಾತು?" ಕೈ ಎತ್ತದವನಿಗೆ ಆವತ್ತು ಎದ್ದು ನಿಲ್ಲುವ ಭಾಗ್ಯ ಇಲ್ಲ. ಈಚೆಗೆ ಎದುರಿನವರ ಮಾತನ್ನು ತಾವೇ ಓದಿ, ನಡುವೆ ಖಾಲಿ ಜಾಗ ಬಿಟ್ಟು ವಾಟ್ಸ್‌ಆ್ಯಪ್‌ನಲ್ಲಿ ಕಳಿಸುತ್ತಾರೆ. ಟ್ರ್ಯಾಕ್ಟರ್ ಹೊಡೆಯುತ್ತಲೋ ಹಾಲು ಕರೆಯುತ್ತಲೋ ಆ ಖಾಲಿ ಜಾಗದಲ್ಲಿ ಹುಡುಗ ತನ್ನ ಮಾತು ಹೇಳಿಕೊಳ್ಳುತ್ತಾನೆ.

ಹಾಜರಿಯ ಸಮಸ್ಯೆ ಊರಿನಿಂದ ಊರಿಗೆ ಬೇರೆ. ಭದ್ರಾ ನಾಲೆಯ ಕೆಳಗಿನ ಊರುಗಳಲ್ಲಿ ಜನವರಿ, ಫೆಬ್ರವರಿಯಲ್ಲಿ ಬೇಸಿಗೆ ಭತ್ತದ ನಾಟಿ. ಆಗ ಪ್ರಾಕ್ಟೀಸು ಇಟ್ಟರೆ ಅರ್ಧ ಜನ ತೂಕಡಿಸುತ್ತಾರೆ. ಜಗಳೂರು, ಚಳ್ಳಕೆರೆ ಕಡೆಯ ಮಳೆಯಾಶ್ರಿತ ಊರುಗಳಲ್ಲಿ ಅದೇ ಹೊತ್ತು ಬಿಡುವು. ಬೋರ್ ಇರುವ ಕಡೆ ರಾತ್ರಿ ತ್ರೀ ಫೇಸ್ ಕರೆಂಟ್ ಬಂತೆಂದರೆ ನಾಯಕನೇ ಎದ್ದು ತೋಟಕ್ಕೆ ಓಡುತ್ತಾನೆ. ಇವರು ವಾರದ ಕರೆಂಟ್ ಪಾಳಿ ಕೇಳಿಕೊಂಡು, ಆ ರಾತ್ರಿಗೆ ತೋಟದವರಿಲ್ಲದ ದೃಶ್ಯ ಹಾಕುತ್ತಾರೆ. ಸಣ್ಣ ವಿಷಯ, ಆದರೆ ಪಟ್ಟಣದಿಂದ ಬರುವ ನಿರ್ದೇಶಕರಿಗೆ ಇದು ಹೊಳೆಯುವುದಿಲ್ಲ. "ಶಿಸ್ತಿಲ್ಲ" ಅಂತ ಬೈದು ಹೋಗುತ್ತಾರೆ.

ಕೊನೆಯ ಹತ್ತು ದಿನ ನೆಲದ ಮೇಲೆ ಸುಣ್ಣದಲ್ಲಿ ರಂಗ ಬರೆಸುತ್ತಾರೆ. 30 ಅಡಿ ಅಗಲ, 20 ಅಡಿ ಆಳ, ಪಕ್ಕದ ವಿಂಗ್‌ಗಳು. ಮೇಲಿನಿಂದ ಮೂರು ಮೈಕು ಎಲ್ಲೆಲ್ಲಿ ತೂಗುತ್ತವೋ ಅಲ್ಲಲ್ಲಿ ಒಂದೊಂದು ಇಟ್ಟಿಗೆ. ಇಟ್ಟಿಗೆ ಬಿಟ್ಟು ಮಾತಾಡಿದರೆ "ಕೇಳ್ಸಲ್ಲಪ್ಪೋ" ಅಂತ ಕೂಗು. ಊರ ನಾಟಕದ ಚಲನೆ ಎಲ್ಲ ಆ ಮೂರು ಮೈಕಿನ ಸುತ್ತಲೇ. ಇದನ್ನು ಒಪ್ಪಿಕೊಂಡು, ಜಗಳದ ದೃಶ್ಯದಲ್ಲಿ ಇಬ್ಬರನ್ನು ಬಲ ಮತ್ತು ಎಡ ಮೈಕಿಗೆ, ಕಣ್ಣೀರಿನ ಮಾತನ್ನು ನಡುವಿನದಕ್ಕೆ ಹಾಕಿ ಅದನ್ನೇ ಚೆಂದ ಮಾಡುತ್ತಾರೆ.

ನಟಿಯರು, ಹಾಡು

ಸ್ತ್ರೀ ಪಾತ್ರಕ್ಕೆ ಹೊರಗಿನಿಂದ ನಟಿಯರು ಬರುತ್ತಾರೆ, ನಾಟಕದ ದಿನ ಮಧ್ಯಾಹ್ನಕ್ಕೆ. ಹೆಸರಾದ ನಾಟಕಗಳಾದರೆ ಅವರಿಗೆ ಪೂರ್ತಿ ಬಾಯಿಪಾಠ, ಒಂದು ಸಲ ಕೂತು ಮಾತು ಕೂಡಿಸಿದರೆ ಸಾಕು. ಹೊಸ ನಾಟಕದ ನಿಜವಾದ ಖರ್ಚು ಇಲ್ಲಿದೆ: ನಟಿಯರನ್ನು ಎರಡು ದಿನ ಮುಂಚೆ ಕರೆಸಬೇಕು, ಊಟ ವಸತಿ ನೋಡಬೇಕು, ಆ ದಿನಗಳ ಕೂಲಿ ಕೊಡಬೇಕು. ಮೇಷ್ಟ್ರು ಇದನ್ನು ಮೊದಲ ಮಾತಿಗೇ ಹೇಳುವುದಿಲ್ಲ, ನೀವೇ ಕೇಳಬೇಕು. ಎರಡು ದಿನ ಬರಲು ಒಪ್ಪದಿದ್ದರೆ ಹೊಸ ನಾಟಕದ ಆಸೆ ಬಿಡಿ. ನಾಯಕಿ ವಿಂಗ್ ಕಡೆ ಕಿವಿ ಕೊಟ್ಟು, ಪ್ರಾಂಪ್ಟ್ ಕೇಳಿ ಹೇಳುವುದು ಹಿಂದಿನ ಸಾಲಿನವರೆಗೂ ಕಾಣುತ್ತದೆ.

ಹಾಡಿನ ಬಗ್ಗೆ ಹೆಚ್ಚು ಹೇಳುವುದಿಲ್ಲ. ಜನರಿಗೆ ಗೊತ್ತಿರುವ ಸಿನಿಮಾ ಹಾಡಿನ ಧಾಟಿಗೆ ಹೊಸ ಸಾಲು ಕೂಡಿಸುತ್ತಾರೆ, ಪ್ರಾಸ ಕೆಡುವುದಿಲ್ಲ, ಅಷ್ಟೇ. ತೊಂದರೆ ಬರುವುದು ಶ್ರುತಿಯಲ್ಲಿ. ಗಂಡಸರು ಹಾರ್ಮೋನಿಯಂ ಮನೆಗಳ ಲೆಕ್ಕದಲ್ಲಿ ಬಿಳಿ ಒಂದು, ಕಪ್ಪು ಒಂದರಲ್ಲಿ ಹಾಡಿದರೆ ನಟಿಯರದ್ದು ಬಿಳಿ ಐದರ ಸುತ್ತ. ಯುಗಳಗೀತೆಗೆ ಯಾರಾದರೊಬ್ಬರು ಬಗ್ಗಲೇಬೇಕು, ಬಗ್ಗಿದವರ ದನಿ ಒಂದೋ ಕೀರಲು, ಇಲ್ಲವೇ ಗುಂಯ್ ಅನ್ನುತ್ತದೆ. ಇವರ ಪರಿಹಾರ ಗಂಡಿನ ಸಾಲುಗಳನ್ನು ಹಾಡಿಸದೆ ಮಾತಿನ ಧಾಟಿಯಲ್ಲಿ ಹೇಳಿಸುವುದು. ಅರ್ಧ ನಡೆಯುತ್ತದೆ. ಈ ವಿಷಯದಲ್ಲಿ ಬೇರೆ ಹಾರ್ಮೋನಿಯಂ ಮಾಸ್ತರರನ್ನು ಇಟ್ಟುಕೊಂಡು ಕೊನೆಯ ಹದಿನೈದು ದಿನ ಹಾಡು ಅವರ ಕೈಗೆ ಬಿಟ್ಟರೆ ಒಳ್ಳೆಯದು.

ಬಣ್ಣ

ಮೇಕಪ್ಪಿಗೆ ಸೀನ್ಸಿನವರ ಕಡೆಯಿಂದಲೇ ಒಬ್ಬರು ಬರುತ್ತಾರೆ. ಆದರೆ ಇಪ್ಪತ್ತು ಮುಖ, ಒಬ್ಬ ಮನುಷ್ಯ. ಮುಖಕ್ಕೆ ಹತ್ತು ನಿಮಿಷ ಅಂದರೂ ಮೂರು ತಾಸು ದಾಟಿತು. ಮೇಷ್ಟ್ರಿಗೆ ಬಣ್ಣದ ಕೈ ಇದೆ, ಸಂಜೆ ಐದಕ್ಕೇ ಶುರು ಮಾಡುತ್ತಾರೆ, ಕೊನೆಯ ಅಂಕದಲ್ಲಿ ಬರುವವರಿಂದ ಅಲ್ಲ, ಮೊದಲು ಬರುವವರಿಂದಲೂ ಅಲ್ಲ: ಬೆವರು ಕಡಿಮೆ ಇರುವವರಿಂದ. ದಪ್ಪನೆಯವರನ್ನು ಕೊನೆಗೆ ಕೂರಿಸುತ್ತಾರೆ. ಆವತ್ತು ಬೆಳಗ್ಗೆಯೇ ಕ್ಷೌರ ಆಗಿರಬೇಕು, ಸಂಜೆ ಮಾಡಿಸಿದರೆ ಮುಖ ಉರಿಯುತ್ತದೆ. ಸೋಪಿನಲ್ಲಿ ತೊಳೆದು ಪೂರ್ತಿ ಒರೆಸಿದ ಮುಖಕ್ಕೆ ತಳಬಣ್ಣ, ಕುತ್ತಿಗೆ ಮತ್ತು ಕಿವಿಯ ಹಿಂದಕ್ಕೂ, ಆಮೇಲೆ ಪೌಡರ್ ಒತ್ತಿ, ಹುಬ್ಬು, ಕಣ್ಣು. ಎಣ್ಣೆ ಪಸೆ ಉಳಿದರೆ ಬಣ್ಣ ಹನ್ನೆರಡು ಗಂಟೆಗೆ ಬಿರುಕು ಬಿಡುತ್ತದೆ. ಮೀಸೆ ಎಲ್ಲಕ್ಕಿಂತ ಕೊನೆಗೆ. ಗೋಂದು ಹಚ್ಚಿ, ಅರ್ಧ ನಿಮಿಷ ಬಿಟ್ಟು ಅಂಟು ಬಂದ ಮೇಲೆ ಕೂದಲು ಒತ್ತಬೇಕು, ಹಸಿಯಲ್ಲೇ ಒತ್ತಿದರೆ ಸಾಹುಕಾರ ಗರ್ಜಿಸುವಾಗ ಒಂದು ಕಡೆಯ ಮೀಸೆ ತುಟಿಗೆ ಜಾರುತ್ತದೆ. ಆ ಕ್ಷಣಕ್ಕೆ ಬೀಳುವ ಶಿಳ್ಳೆಯನ್ನು ಯಾವ ಹಾಸ್ಯದವನೂ ಗಿಟ್ಟಿಸಲಾರ.

ವೇಷ ಯಾಕೆ ಬೇಡ

ನಟರಾಗಿ ಇವರು ನಿಜಕ್ಕೂ ಚೆನ್ನ. ಕುಡುಕನ ಪಾತ್ರದಲ್ಲಿ ತೂರಾಡುವುದಿಲ್ಲ, ಬೀಳದ ಹಾಗೆ ನಡೆಯಲು ಪ್ರಯತ್ನಿಸುತ್ತಾರೆ. ಅಲ್ಲೇ ನಗು, ಅಲ್ಲೇ ಮರುಕ. ಹಾಗಾಗಿ ಊರವರು "ಮೇಷ್ಟ್ರೇ, ನೀವೂ ಒಂದು ಪಾತ್ರ ಹಾಕ್ರಿ" ಅಂತ ಒತ್ತಾಯ ಮಾಡುವುದು ಸಹಜ. ಅವರಿಗೂ ಆಸೆ ಇದೆ, ಮೂರು ಸಲ ಬೇಡ ಅಂದು ನಾಲ್ಕನೆಯದಕ್ಕೆ ಹೂಂ ಅನ್ನುತ್ತಾರೆ.

ಅನ್ನಿಸಬೇಡಿ. ನಾಟಕದ ರಾತ್ರಿ ಅವರ ಜಾಗ ಬಲಗಡೆಯ ಎರಡನೇ ವಿಂಗು. ಎಡಗೈಯಲ್ಲಿ ನೋಟ್‌ಬುಕ್, ಬಲಗೈಯಲ್ಲಿ ನೀಲಿ ಕಾಗದ ಸುತ್ತಿದ ಸಣ್ಣ ಬ್ಯಾಟರಿ. ಪರದೆಯವನಿಗೆ ಕಣ್ಸನ್ನೆ, ತಬಲಾದವನಿಗೆ ಬೆರಳು, ಮಾತು ಮರೆತವನಿಗೆ ಮೊದಲ ಎರಡು ಪದ. ಪೂರ್ತಿ ಸಾಲು ಹೇಳಿಕೊಡುವುದಿಲ್ಲ, ಹೇಳಿದರೆ ಅದು ಮೈಕಿಗೂ ಕೇಳುತ್ತದೆ. ಅವರು ವೇಷ ಹಾಕಿದರೆ ಒಂದು ದೃಶ್ಯಕ್ಕೆ ಇಪ್ಪತ್ತು ನಿಮಿಷ ರಂಗದ ಮೇಲೆ, ಅದಕ್ಕೆ ಮೊದಲು ಬಟ್ಟೆ ಬಣ್ಣಕ್ಕೆ ಅರ್ಧ ತಾಸು ಆ ಜಾಗ ಖಾಲಿ. ನೋಟ್‌ಬುಕ್ ಇನ್ನೊಬ್ಬರ ಕೈಗೆ ಹೋಗುತ್ತದೆ. ಎಡಪುಟದ ಅಂಕಿಗಳು ಅವರಿಗೆ ಓದಲು ಬರುವುದಿಲ್ಲ. ಪರದೆ ಬೇಗ ಏಳುತ್ತದೆ, ಗುಡಿಸಲಿನಲ್ಲಿ ಇನ್ನೂ ಸೋಫಾ ಇರುತ್ತದೆ.

ಎರಡನೆಯದು, ರಂಗದ ಮೇಲೆ ಮೇಷ್ಟ್ರು ಇದ್ದಷ್ಟು ಹೊತ್ತು ಹುಡುಗರು ಎದುರಿನ ಪಾತ್ರವನ್ನು ನೋಡುವುದಿಲ್ಲ, ಮೇಷ್ಟ್ರ ಮುಖ ನೋಡುತ್ತಾರೆ, ಸರಿ ಹೇಳಿದೆನೋ ಇಲ್ಲವೋ ಅಂತ. ಒಂದೂವರೆ ತಿಂಗಳು ಕಟ್ಟಿದ ಧೈರ್ಯ ಅಷ್ಟರಲ್ಲಿ ಕರಗುತ್ತದೆ. ಮತ್ತೆ, ಜನ ಜಾತ್ರೆ ನಾಟಕಕ್ಕೆ ಬರುವುದು ಪಕ್ಕದ ಮನೆಯ ಹುಡುಗ ಹೇಗೆ ಮಾಡುತ್ತಾನೆ ನೋಡಲು. ಪಳಗಿದ ನಟ ಪಕ್ಕದಲ್ಲಿ ನಿಂತರೆ ಆ ಹುಡುಗ ಸಪ್ಪೆಯಾಗಿ ಕಾಣುತ್ತಾನೆ. ಅವರ ನಟನೆ ನೋಡಲೇಬೇಕು ಅನ್ನುವವರು ಪ್ರಾಕ್ಟೀಸಿಗೆ ಹೋಗಿ. ಬಾರದವನ ಪಾತ್ರವನ್ನು ತಾವೇ ತುಂಬುವಾಗ ಒಂದೇ ರಾತ್ರಿ ತಾಯಿ, ಸಾಹುಕಾರ, ಕಾನ್‌ಸ್ಟೇಬಲ್ ಮೂರನ್ನೂ ಲುಂಗಿಯಲ್ಲೇ ಮಾಡಿ ತೋರಿಸುತ್ತಾರೆ. ದುಡ್ಡು ಕೊಟ್ಟರೂ ಸಿಗದ ನಾಟಕ ಅದು.

ಕೊಡು ಕೊಳ್ಳು

ವೀಳ್ಯ ಕೊಟ್ಟ ದಿನ ಒಂದು ಪಾಲು, ಕೂತು ಓದುವುದು ಮುಗಿದು ಎದ್ದು ನಿಂತ ದಿನ ಇನ್ನೊಂದು, ನಾಟಕದ ಸಂಜೆ ಬಣ್ಣಕ್ಕೆ ಕೂರುವ ಮೊದಲು ಬಾಕಿ. ಬೆಳಗ್ಗೆ ಕೊಡುತ್ತೇವೆ ಅಂದರೆ ಒಪ್ಪುವುದಿಲ್ಲ. ಬೆಳಗಾಗುವಷ್ಟರಲ್ಲಿ ಆಯಾರಿನ ಲೆಕ್ಕದ ಜಗಳದಲ್ಲಿ ಮೇಷ್ಟ್ರು ಯಾರಿಗೂ ನೆನಪಿರುವುದಿಲ್ಲ ಅನ್ನೋದು ಅವರಿಗೆ ಚೆನ್ನಾಗಿ ಗೊತ್ತು. ಬರೆಯುವುದಕ್ಕೆ ಬೇರೆ, ಕಲಿಸುವುದಕ್ಕೆ ಬೇರೆ ಅಂತ ಎರಡು ಮೊತ್ತ ಹೇಳಿಸಿಕೊಳ್ಳಿ. ಒಟ್ಟು ಅಂತ ಹೇಳಿದರೆ ಚೌಕಾಸಿ ಮಾಡುವುದು ಕಷ್ಟ. ಓಡಾಟದ ಖರ್ಚು, ರಾತ್ರಿ ಊಟ, ಹಾರ್ಮೋನಿಯಂ, ತಬಲಾ, ನಟಿಯರು ಯಾವುದೂ ಇದರಲ್ಲಿ ಸೇರಿಲ್ಲ.

ನೋಟ್‌ಬುಕ್ ಅವರದ್ದೇ. ಕಾನೂನಿನ ಪ್ರಕಾರವೂ ಬರೆದವರಿಗೇ ಕೃತಿಸ್ವಾಮ್ಯ. ಜೆರಾಕ್ಸ್ ಕೊಡುತ್ತಾರೆ, ಆದರೆ ಮುಂದಿನ ವರ್ಷ ಅವರನ್ನು ಬಿಟ್ಟು ಅದೇ ನಾಟಕ ಆಡಬೇಕಾದರೆ ಕೇಳಬೇಕು. ಈ ಒಂದು ಸಾಲನ್ನು ಕರಾರಿನಲ್ಲಿ ಬರೆಸಿಕೊಳ್ಳುವುದು ಎರಡೂ ಕಡೆಗೆ ಒಳ್ಳೆಯದು.

ಮೈಕಿನ ಅನುಮತಿ ಊರವರ ಜವಾಬ್ದಾರಿ. 2000ದ ಶಬ್ದ ಮಾಲಿನ್ಯ ನಿಯಮದಲ್ಲಿ ರಾತ್ರಿ ಹತ್ತರಿಂದ ಬೆಳಗ್ಗೆ ಆರರವರೆಗೆ ಬಯಲಲ್ಲಿ ಧ್ವನಿವರ್ಧಕಕ್ಕೆ ನಿರ್ಬಂಧ ಇದೆ. ಹಬ್ಬ, ಸಾಂಸ್ಕೃತಿಕ ಕಾರ್ಯಕ್ರಮಕ್ಕೆ ಸರ್ಕಾರ ವರ್ಷಕ್ಕೆ 15 ದಿನ ಮೀರದಂತೆ ರಾತ್ರಿ ಹನ್ನೆರಡರವರೆಗೆ ಸಡಿಲಿಕೆ ಕೊಡಬಹುದು. ಠಾಣೆಯಲ್ಲಿ ಮೊದಲೇ ಬರೆದುಕೊಟ್ಟು ಬಾಯಿಮಾತಿಗೆ ಬದಲು ಕಾಗದ ತೆಗೆದುಕೊಳ್ಳಿ. ಅಡ್ಡಿ ಬರುವ ಸೂಚನೆ ಇದ್ದರೆ ಮೇಷ್ಟ್ರ ಹತ್ತಿರ ಮೂರೂವರೆ ತಾಸಿನ ಕತ್ತರಿ ಪ್ರತಿಯೂ ಇರುತ್ತದೆ, ಎಂಟಕ್ಕೆ ನಾಂದಿ ಹಾಡಿದರೆ ಹನ್ನೆರಡರ ಒಳಗೆ ಮಂಗಳ. ತಾಯಿಯ ಅಳು ಅದರಲ್ಲಿ ಹತ್ತೇ ನಿಮಿಷ. ನಿಜ ಹೇಳಬೇಕೆಂದರೆ ಆ ಪ್ರತಿಯೇ ಹೆಚ್ಚು ಗಟ್ಟಿ.

ಫೋನ್ ಮಾಡುವುದಾದರೆ ಮಧ್ಯಾಹ್ನ ಮೂರರ ಮೇಲೆ ಮಾಡಿ. ಜಾತ್ರೆಯ ದಿನಗಳಲ್ಲಿ ಬೆಳಗ್ಗೆ ಎಲ್ಲೋ ನಾಟಕ ಇಳಿಸಿ ಮಲಗಿರುತ್ತಾರೆ. ಸಂಕ್ರಾಂತಿ ದಾಟಿದ ಮೇಲೆ ಕೇಳಿದರೆ ಯುಗಾದಿವರೆಗಿನ ರಾತ್ರಿಗಳು ಖಾಲಿ ಇರುವುದಿಲ್ಲ.